ಕಪಾಟಿನೊಳಗೆ ಎರಡನೇ ದನಿ

ಬಟ್ಟೆ ಕಪಾಟಿನ ಬಾಗಿಲು ಒಳಗಿನಿಂದ ಎಳೆದರೆ ಪೂರ್ತಿ ಮುಚ್ಚುವುದಿಲ್ಲ, ಹೊರಗಿನಿಂದ ಯಾರಾದರೂ ದೂಡಬೇಕು ಎಂಬುದು ಅರವತ್ತು ದಾಟಿದ ಗಂಡಸಿಗೆ ತಿಳಿಯಲೇಬೇಕಾದ ವಿಷಯವೇನಲ್ಲ. ಇನಾಸನಿಗೆ ಅದು ಈ ಬೆಳಿಗ್ಗೆ ತಿಳಿಯಿತು. ನೆತ್ತಿಗೆ ತನ್ನ ಮದುವೆಯ ಕರಿ ಕೋಟು, ಬಲಗಿವಿಗೆ ಹೆಂಡತಿ ಎಸ್ಪೆರಾಂಸಳ ಈಸ್ಟರ್ ಹಬ್ಬದ ಫ್ರಾಕು, ಮೂಗಿನ ತುಂಬ ನುಸಿಗುಳಿಗೆಯ ವಾಸನೆ, ತೊಡೆಯ ಮೇಲೆ ಬಿಸಿಯೇರುತ್ತಿರುವ ಲ್ಯಾಪ್‌ಟಾಪು, ಮುಖದೆದುರು ಹ್ಯಾಂಗರಿನ ಕಂಬಿಗೆ ಲಾಡಿಯಿಂದ ಕಟ್ಟಿದ ಮೈಕು. ದನಿ ಗೋಡೆಗೆ ಬಡಿದು ಹಿಂದಕ್ಕೆ ಬರಬಾರದು, ಸುತ್ತ ಬಟ್ಟೆ ಇದ್ದರೆ ಒಳ್ಳೆಯದು ಎಂದು ವಿಡಿಯೊದಲ್ಲಿ ಪಾಠ ಹೇಳುವ ಹುಡುಗ ಹೇಳಿದ್ದ. ಟೋಪಿಯನ್ನು ಹಿಂದುಮುಂದಾಗಿ ಹಾಕಿಕೊಳ್ಳುವ ಈ ಹುಡುಗ ಒಂದೊಂದು ಗುಂಡಿ ಒತ್ತಿದಾಗಲೂ ‘ಬಹಳ ಸುಲಭ’ ಅನ್ನುತ್ತಾನೆ. ಕೆನ್ನೆಗೆ ಎರಡು ಬಿಗಿಯಬೇಕು ಅನ್ನಿಸುತ್ತದೆ ಇನಾಸನಿಗೆ. ನಲವತ್ತು ವರ್ಷ ಸರ್ಕಾರಿ ಕಚೇರಿಯಲ್ಲಿ ಟೈಪಿಸ್ಟನಾಗಿದ್ದವನು ತಾನು, ಕೀಲಿಮಣೆ ನೋಡದೆ ಹಳೆಯ ಪೋರ್ಚುಗೀಸು ದಾಖಲೆ, ಇಂಗ್ಲಿಷು ಪತ್ರ ಎರಡನ್ನೂ ಹೊಡೆದವನು. ಯಂತ್ರಕ್ಕೆ ಹೆದರುವ ಜಾತಿಯೇ ಅಲ್ಲ. ಆದರೆ ಟೈಪ್‌ರೈಟರು ಹೊಡೆದದ್ದನ್ನು ಹೊಡೆದ ಹಾಗೆ ತೋರಿಸುತ್ತಿತ್ತು, ಇದರ ಹಾಗೆ ಮನುಷ್ಯನ ದನಿಯನ್ನು ಪರದೆಯ ಮೇಲೆ ಕಂಬಳಿಹುಳದಂತೆ ಹರಿಯಬಿಟ್ಟು ನಾಚಿಕೆಪಡಿಸುತ್ತಿರಲಿಲ್ಲ.

“ಎಸ್ಪೆರಾಂಸ್, ಬಾಗಿಲು ಸ್ವಲ್ಪ ದೂಡು.”

“ದೂಡ್ತೀನಿ. ಆದ್ರೆ ಒಳಗೇ ಉಸಿರು ಕಟ್ಟಿ ಹೋಗ್ಬಿಟ್ರೆ ಪಾದ್ರಿಗೆ ಏನಂತ ಹೇಳ್ಲಿ? ಗಂಡ ಕಪಾಟಿನಲ್ಲಿ ತೀರ್ಕೊಂಡ ಅಂತಲಾ?”

“ಪ್ರಾರ್ಥನೆ ಮಾಡ್ತಾ ತೀರ್ಕೊಂಡ ಅನ್ನು. ನೇರ ಸ್ವರ್ಗ.”

“ನನ್ನ ಫ್ರಾಕಿನ ಮೇಲೆ ಬೆವರು ಬೀಳ್ಲಿ, ಆಮೇಲೆ ಸ್ವರ್ಗ ತೋರಿಸ್ತೀನಿ,” ಎಂದು ಅವಳು ಬಾಗಿಲಿಗೆ ಸೊಂಟ ಕೊಟ್ಟಳು. ಕತ್ತಲಾಯಿತು.

ಬರುವ ಭಾನುವಾರ ಅವರ ಕೇರಿ ತಳ್ಯಾವಾಡೊದ ಶಿಲುಬೆಯ ಹಬ್ಬ. ಕೆರೆ ಏರಿಯ ಮೇಲಿನ ಆ ಶಿಲುಬೆಗೆ ಸುಣ್ಣ ಬಳಿದು, ಕನಕಾಂಬರದ ಮಾಲೆ ಹಾಕಿ, ಸಂಜೆ ಮೇಣದ ಬತ್ತಿ ಹಚ್ಚಿ ಲದೀನು ಹಾಡುವುದು, ಆಮೇಲೆ ತೆಂಗಿನ ಚೂರು ಬೆರೆಸಿದ ಬಿಸಿ ಬಿಸಿ ಬೇಯಿಸಿದ ಕಡಲೆ, ಗಂಡಸರಿಗೆ ಒಂದೊಂದು ಲೋಟ ಫೆಣಿ. ಹಬ್ಬ ಮಾಡಿಸುವ ಸರದಿ ವರ್ಷಕ್ಕೊಂದು ಮನೆಯದು, ಈ ವರ್ಷ ಇನಾಸನದು. ಕಡಲೆಗೆ, ಫೆಣಿಗೆ, ಪಟಾಕಿಗೆ ತೊಂದರೆಯಿಲ್ಲ. ತೊಂದರೆಯಿರುವುದು ಲದೀನಿಗೆ. ಆ ಲ್ಯಾಟಿನ್ ಪ್ರಾರ್ಥನೆಯನ್ನು ಎರಡು ದನಿಯಲ್ಲಿ ಹಾಡಬೇಕು. ಮೇಲಿನದು ಮೊದಲ ದನಿ, ಅದರ ಕೆಳಗೆ ಜೊತೆಯಾಗಿ ನಡೆಯುವುದು ಎರಡನೆಯದು. ತಳ್ಯಾವಾಡೊದಲ್ಲಿ ಇಬ್ಬರಿಗೂ ಮೀಸೆ ಮೂಡಿದ ಕಾಲದಿಂದ ಮೊದಲನೆಯದು ಬಾಸ್ತ್ಯಾಂವನದು, ಎರಡನೆಯದು ಇನಾಸನದು. ಬಾಸ್ತ್ಯಾಂವ್ ಚಿಕ್ಕಪ್ಪನ ಮಗ, ಎರಡು ಮನೆ ಆಚೆಗೆ ಇರುವವನು, ಮತ್ತು ಕಳೆದ ಹಬ್ಬದಿಂದ ಇನಾಸನ ಪಾಲಿಗೆ ಸತ್ತವನು. ಸತ್ತವನು ದಿನಾ ಬೆಳಿಗ್ಗೆ ಸೈಕಲ್ ಗಂಟೆ ಬಾರಿಸುತ್ತ ಮೀನು ತರಲು ಹೋಗುವುದನ್ನು ಕಿಟಕಿಯಿಂದ ನೋಡಬೇಕಾಗಿ ಬಂದದ್ದು ಬೇರೆ ಮಾತು.

ಇನಾಸ ಹೆಡ್‌ಫೋನು ಏರಿಸಿ ಕೆಂಪು ಗುಂಡಿ ಒತ್ತಿ ಮೊದಲ ಸಾಲು ಎತ್ತಿದ. ಅವನ ದನಿ ಮೈಕಿನೊಳಗೆ ಹೋಗಿ, ಲ್ಯಾಪ್‌ಟಾಪಿನೊಳಗೆ ಎಲ್ಲೋ ಅಡ್ಡಾಡಿ, ಕಣ್ಣು ಮಿಟುಕಿಸುವಷ್ಟು ತಡವಾಗಿ ಕಿವಿಗೆ ಬಂತು. ಬೇರೆ ಯಾರಾದರೂ ಆಗಿದ್ದರೆ ಅದನ್ನು ಲೆಕ್ಕಿಸದೆ ಮುಂದಕ್ಕೆ ಹಾಡುತ್ತಿದ್ದರು. ಎರಡನೇ ದನಿಯವನ ಜೀವ ಹಾಗಲ್ಲ. ಕಿವಿಯಲ್ಲಿ ಇನ್ನೊಬ್ಬ ಹಾಡುವುದು ಕೇಳಿದರೆ ಅವನಿಗೆ ದಾರಿ ಬಿಟ್ಟು, ಅವನು ಕಾಲಿಟ್ಟ ಮೇಲೆ ತಾನು ಕಾಲಿಡುವುದು ಆ ಜೀವದ ಅಭ್ಯಾಸ. ಇನಾಸ ತನ್ನ ದನಿಗೆ ತಾನೇ ಮರ್ಯಾದೆಯಿಂದ ಕಾದ. ಅದು ಇನ್ನಷ್ಟು ತಡವಾಯಿತು. ಇವನು ಮತ್ತೂ ಕಾದ. ನೀನು ಮೊದಲು, ಇಲ್ಲ ನೀನು ಮೊದಲು ಎಂದು ಬಾಗಿಲಲ್ಲಿ ನಿಂತ ಇಬ್ಬರು ಬೀಗರಂತೆ ಇನಾಸನೂ ಇನಾಸನೂ ಒಬ್ಬರಿಗೊಬ್ಬರು ದಾರಿ ಬಿಡುತ್ತ, ಮೂರನೇ ಸಾಲಿಗೆ ಬರುವಷ್ಟರಲ್ಲಿ ಹಾಡು ಪೂರ್ತಿ ನಿಂತೇಹೋಯಿತು. ಇದಕ್ಕೆ ಔಷಧಿ ಟೋಪಿ ಹುಡುಗನಿಗೆ ಗೊತ್ತಿತ್ತು. ಸ್ವಂತ ದನಿ ಕಿವಿಗೆ ಬರದಂತೆ ಒಂದು ಗುಂಡಿ ಆರಿಸಿದರಾಯಿತು, ಬಹಳ ಸುಲಭ. ಆರಿಸಿದರೆ ಕಿವಿಯೊಳಗೆ ಏನೂ ಇಲ್ಲ, ಬಾವಿಯಲ್ಲಿ ಕೂತು ಹಾಡಿದ ಹಾಗೆ. ಹಾಗೇ ಹಾಡಿದ. ಸಾಲಿನ ಕೊನೆಯ ಸ್ವರವನ್ನು ಎಳೆಯುವುದು ಎರಡನೇ ದನಿಯ ಹಕ್ಕು, ಮೊದಲ ದನಿ ನಿಂತ ಮೇಲೂ ಅದು ಒಂದು ಉಸಿರಿನಷ್ಟು ಉಳಿಯಬೇಕು. ಎಳೆದ. ಆದರೆ ಎಲ್ಲಿಗೆ ನಿಲ್ಲಿಸಬೇಕೆಂದೇ ತಿಳಿಯಲಿಲ್ಲ. ಅಲ್ಲಿ ಶಿಲುಬೆಯ ಎದುರು ಇಷ್ಟು ವರ್ಷ ಅದು ತನ್ನಷ್ಟಕ್ಕೆ ನಿಲ್ಲುತ್ತಿತ್ತಲ್ಲ, ಯಾವತ್ತೂ ಯೋಚಿಸಿದ್ದೇ ಇಲ್ಲವಲ್ಲ ಎಂದು ಯೋಚಿಸುತ್ತ ಎಳೆದೇ ಎಳೆದ. ಕಣ್ಣಿಗೆ ಕತ್ತಲೆ ಬಂದಾಗ ನಿಲ್ಲಿಸಿದ. ಒಳಗೆ ಮೊದಲೇ ಕತ್ತಲೆ ಇದ್ದುದರಿಂದ ಅದೂ ತಡವಾಗಿಯೇ ಗೊತ್ತಾಯಿತು.

ಎಳೆತದ ವಿಷಯಕ್ಕೇ ಅಲ್ಲವೆ ಎಲ್ಲ ಕೆಟ್ಟದ್ದು. ಕಳೆದ ವರ್ಷ, ಇಡೀ ಕೇರಿ ನೆರೆದಿತ್ತು. ಮೇಣದ ಬತ್ತಿ ಹಿಡಿದು ಕಣ್ಣು ಮುಚ್ಚಿ ಇನಾಸ ಒಂದು ಸ್ವರವನ್ನು ಎಳೆಯುತ್ತಿದ್ದ, ಯಾವತ್ತಿಗಿಂತ ಚೆನ್ನಾಗಿಯೇ ಎಳೆಯುತ್ತಿದ್ದ. ಅಷ್ಟರಲ್ಲಿ ಲದೀನಿಗೆ ಜೊತೆ ನುಡಿಸುತ್ತಿದ್ದ ಜೊಕಿಂ ಮಾಸ್ತರರ ಪಿಟೀಲಿನ ತಂತಿ ಪಟ್ಟೆಂದು ಕಡಿಯಿತು. ಆ ನಿಶ್ಶಬ್ದದಲ್ಲಿ ಪಕ್ಕದಿಂದ ಬಾಸ್ತ್ಯಾಂವನ ದನಿ ಎಲ್ಲರಿಗೂ ಸ್ಪಷ್ಟವಾಗಿ ಕೇಳಿತು: “ಮುಗಿಸೋ ಇನಾಸ್, ಕಡಲೆ ಆರ್ತಾ ಇದೆ.” ಮೊದಲು ಮಕ್ಕಳು ನಕ್ಕರು. ಆಮೇಲೆ ಹೆಂಗಸರು. ಆಮೇಲೆ ಜೊಕಿಂ ಮಾಸ್ತರರು, ಕಡಿದ ತಂತಿ ಹಿಡಿದುಕೊಂಡೇ. ಶಿಲುಬೆಯೊಂದೇ ನಗಲಿಲ್ಲ. ಇನಾಸ ಬತ್ತಿಯನ್ನು ನೆಲಕ್ಕೆ ಊರಿ, ಲದೀನಿನ ಅರ್ಧದಲ್ಲೇ ಮನೆಗೆ ನಡೆದುಬಿಟ್ಟ. ಯಾರಾದರೂ ಕರೆಯುತ್ತಾರೆ ಎಂದು ಕೆರೆ ಏರಿಯ ಕೊನೆಯವರೆಗೆ ನಿಧಾನವಾಗಿಯೇ ನಡೆದಿದ್ದ. ಯಾರೂ ಕರೆಯಲಿಲ್ಲ, ಬಾಸ್ತ್ಯಾಂವ್ ಒಬ್ಬನೇ ಮುಂದಿನ ಸಾಲು ಎತ್ತಿದ್ದು ಬೆನ್ನಿಗೆ ಕೇಳಿಸಿತು. ಅಂದಿನಿಂದ ಬೇಕರಿಯ ತಿರುವಿನಲ್ಲಿ ಕ್ರಿಕೆಟ್ ಆಡುವ ಪೋರರು ಇವನನ್ನು ಕಂಡರೆ ಬ್ಯಾಟಿನ ಹಿಂದೆ ಮುಖ ಮುಚ್ಚಿಕೊಂಡು ‘ಕಡ್‌ಲೇ’ ಅನ್ನುತ್ತಾರೆ. ಆದ್ದರಿಂದಲೇ ಹೋದ ವಾರ ಸಾರಾಯಿ ಅಂಗಡಿಯಲ್ಲಿ, ಎಲ್ಲರೆದುರು, ಎರಡನೇ ಲೋಟ ಹೊಟ್ಟೆಗಿಳಿದಿದ್ದಾಗ, ಈ ವರ್ಷದ ಲದೀನಿಗೆ ಯಾರ ಹಂಗೂ ಬೇಡ, ಎರಡು ದನಿಯೂ ತನ್ನದೇ, ಕಂಪ್ಯೂಟರಿನಲ್ಲಿ ಕೂಡಿಸಿ ದೊಡ್ಡ ಸ್ಪೀಕರಿನಲ್ಲಿ ಹಾಕಿಬಿಡುತ್ತೇನೆ ಎಂದು ಸಾರಿಬಿಟ್ಟಿದ್ದ. ಬೆಳಿಗ್ಗೆ ಎದ್ದಾಗ ಆಡಿದ ಮಾತು ಊರು ಸುತ್ತಿ ಮನೆಗೆ ಬಂದು ಕೂತಿತ್ತು.

ಹಾಡಿದ್ದನ್ನು ಕೇಳಿ ನೋಡಿದರೆ ಹಿಂದೆ ಕೋಣೆಯ ಫ್ಯಾನಿನ ಗುಂಯ್ ಸದ್ದು. ಜೊತೆಗೆ ಬೀದಿಯಲ್ಲಿ ರೊಟ್ಟಿ ಮಾರುವವನ ಹಾರ್ನಿನ ಪೊಂಪೊಂ. ಇಂಥ ಗದ್ದಲ ತೆಗೆಯಲು ಒಂದು ಉಪಾಯವಿದೆ, ಬರೀ ಫ್ಯಾನಿನ ಸದ್ದಿರುವ ಒಂದು ತುಣುಕನ್ನು ಯಂತ್ರಕ್ಕೆ ತೋರಿಸಿ ‘ಇದು ಬೇಡ’ ಅಂದರೆ ಹಾಡಿನುದ್ದಕ್ಕೂ ಅದನ್ನು ಒರೆಸಿಹಾಕುತ್ತದೆ. ಇನಾಸ ತೋರಿಸಿದ. ಯಂತ್ರ ಒರೆಸಿತು. ಫ್ಯಾನು ಹೋಯಿತು, ಜೊತೆಗೆ ಸಾಲುಸಾಲಿನ ಕೊನೆಗೆ ಇನಾಸ ಎಳೆದಿದ್ದ ಸ್ವರಗಳೂ ಹೋದವು. ರೊಟ್ಟಿಯವನ ಪೊಂಪೊಂ ಮಾತ್ರ ಗಟ್ಟಿಯಾಗಿ ಉಳಿಯಿತು. ಮತ್ತೊಮ್ಮೆ ಮಾಡಿದ, ಮತ್ತೂ ಹಾಗೇ. ಫ್ಯಾನು ಯಾವ ಸ್ವರದಲ್ಲಿ ಗುಂಯ್ಗುಡುತ್ತಿತ್ತೋ ಇವನ ಎಳೆತವೂ ಅದೇ ಸ್ವರದಲ್ಲಿ, ಅಷ್ಟೇ ಸಪಾಟಾಗಿತ್ತು. ಇದರಲ್ಲಿ ಮನುಷ್ಯ ಯಾವುದು ಫ್ಯಾನು ಯಾವುದು ಎಂದು ಯಂತ್ರಕ್ಕೆ ತಿಳಿದಿರಲಿಲ್ಲ. ಬಾಸ್ತ್ಯಾಂವ್ ಈ ಯಂತ್ರದೊಳಗೂ ತನ್ನ ಕಡೆಯವರನ್ನು ಇಟ್ಟಿದ್ದಾನೋ ಎಂದು ಇನಾಸನಿಗೆ ಒಂದು ಕ್ಷಣ ನಿಜಕ್ಕೂ ಅನುಮಾನ ಬಂತು. ಫ್ಯಾನು ಆರಿಸಿ, ಬೆವರಿ ಮುದ್ದೆಯಾಗಿ, ಎರಡನೇ ದನಿಯನ್ನು ಮೊದಲಿನಿಂದ ಕೊನೆಯವರೆಗೆ ಇನ್ನೊಮ್ಮೆ ಹಾಡಿ ಮುಗಿಸಿದ.

ಇನ್ನು ಉಳಿದದ್ದು ಮೊದಲ ದನಿ. ಹೊಸ ಟ್ರ್ಯಾಕು ತೆರೆದ, ಕೆಂಪು ಗುಂಡಿ ಒತ್ತಿದ, ಬಾಯಿ ತೆರೆದ. ಬಂದದ್ದು ಎರಡನೇ ದನಿ. ತಪ್ಪಿತು ಎಂದು ಗಂಟಲು ಸರಿಮಾಡಿಕೊಂಡು ಮೇಲಿನ ಸ್ವರ ಹಿಡಿದು ಹೊರಟ. ಎರಡು ಹೆಜ್ಜೆ ಹೋಗುವಷ್ಟರಲ್ಲಿ ದನಿ ತಾನಾಗಿ ಕೆಳಗಿಳಿದು ತನ್ನ ಹಳೆಯ ಜಾಗದಲ್ಲಿ ಕೂತಿತು. ಮೂರನೇ ಸಲ, ನಾಲ್ಕನೇ ಸಲ. ಮೊದಲ ದನಿ ಅವನಿಗೆ ಬರುತ್ತಿರಲಿಲ್ಲ. ಮರೆತದ್ದಲ್ಲ, ಯಾವತ್ತೂ ಬಂದೇ ಇರಲಿಲ್ಲ. ಇಷ್ಟು ವರ್ಷ ಕೇಳಿದ್ದಾನೆ, ಕಿವಿಯಲ್ಲಿ ಇದೆ, ಬಾಯಲ್ಲಿ ಇಲ್ಲ. ಯೋಚಿಸುತ್ತ ಹೋದ ಹಾಗೆ ಭಯವಾಯಿತು: ಚರ್ಚಿನ ಕ್ರಿಸ್ಮಸ್ ಹಾಡು, ಮದುವೆ ಮನೆಯ ಹಾಡು, ತೀರಿಕೊಂಡ ಅವ್ವನನ್ನು ಮಣ್ಣಿಗಿಡುವಾಗ ಹಾಡಿದ್ದು, ಒಂದರದ್ದೂ ಮೇಲಿನ ಧಾಟಿ ತನಗೆ ಬಾರದು. ಜನ ಯಾವುದನ್ನು ಹಾಡು ಅನ್ನುತ್ತಾರೋ ಅದು ಒಂದೂ ಗೊತ್ತಿಲ್ಲದೆ ಊರಿಗೆಲ್ಲ ಹಾಡುಗಾರ ಅನ್ನಿಸಿಕೊಂಡು ಬಾಳಿದ್ದೇನಲ್ಲ ಸಾಯ್ಬಾ ದೇವರೇ ಎಂದು ಅವನಿಗೆ ಅಳು ಬರುವಂತಾಯಿತು. ಕಪಾಟಿನ ಬಾಗಿಲನ್ನು ಒಳಗಿನಿಂದ ಗುದ್ದಿದ.

“ಎಸ್ಪೆರಾಂಸ್! ಲದೀನಿನ ಮೊದಲ ಸಾಲು ಹಾಡು ನೋಡೋಣ.”

ಅವಳು ಬಾಗಿಲು ತೆಗೆದು, ಮೀನು ಹೆಚ್ಚುತ್ತಿದ್ದ ಕೈಯನ್ನು ಹಿಂದೆ ಕಟ್ಟಿಕೊಂಡು, ಶಾಲೆಯ ಹುಡುಗಿಯಂತೆ ನಿಂತು ಹಾಡಿದಳು. ಎರಡನೇ ದನಿ.

“ಅದಲ್ಲ! ಅದು ನನ್ನದು. ಮೇಲಿಂದು, ಮೇಲಿಂದು.”

“ಮೇಲಿಂದು ಯಾವ್ದು? ನನಗೆ ಇದೊಂದೇ ಗೊತ್ತಿರೋದು. ಮದುವೆಯಾದಾಗಿಂದ ಈ ಮನೇಲಿ ಕೇಳಿದ್ದು ಇದನ್ನೇ ಅಲ್ವಾ? ನಮ್ಮ ತವರಿನಲ್ಲಿ ಬೇರೆ ಏನೋ ಹಾಡ್ತಿದ್ರಪ್ಪ, ಚೆನ್ನಾಗಿತ್ತು. ನಿನ್ನ ಜೊತೆ ಸಂಸಾರ ಮಾಡಿ ಅದೂ ಹೋಯ್ತು.”

ಟೋಪಿ ಹುಡುಗನ ಹತ್ತಿರ ಇದಕ್ಕೂ ಮದ್ದಿತ್ತು. ಹಾಡಿದ್ದನ್ನೇ ಇನ್ನೊಂದು ಪ್ರತಿ ಮಾಡಿ ಸ್ವರವನ್ನು ಮೇಲಕ್ಕೆತ್ತಬಹುದಂತೆ. ಇನಾಸ ಎತ್ತಿದ. ಎಲ್ಲ ಸ್ವರವನ್ನೂ ಒಂದೇ ಅಳತೆಗೆ ಎತ್ತಿದ್ದರಿಂದ ಅರ್ಧ ಸ್ವರಗಳು ಇರಬೇಕಾದ ಕಡೆ ಇರಲಿಲ್ಲ, ಉಳಿದರ್ಧ ಇರಬಾರದ ಕಡೆ ಇದ್ದವು, ದನಿಯೋ ಗಂಟಲು ಕೆಟ್ಟ ಬಾತುಕೋಳಿಯದು. ಬಾತುಕೋಳಿ ಲ್ಯಾಟಿನಿನಲ್ಲಿ ಒಂದೊಂದೇ ಸಂತರ ಹೆಸರು ಹಿಡಿದು ಕರೆಯತೊಡಗಿದಾಗ ಎಸ್ಪೆರಾಂಸ್ ಸೌಟು ಬಿಟ್ಟು ಓಡಿಬಂದು ಎದೆಗೆ ಶಿಲುಬೆಯ ಗುರುತು ಮಾಡಿಕೊಂಡಳು. “ಇದನ್ನ ಶಿಲುಬೆ ಮುಂದೆ ಹಾಕ್ತೀಯಾ? ಕಡಲೆ ತಿನ್ನೋಕೆ ಸೈತಾನನೂ ಬರಲ್ಲ. ಹೋಗಿ ಬಾಸ್ತ್ಯಾಂವನ್ನ ಕರಿಯೋ ಮಾರಾಯ, ಒಂದು ಮಾತು.”

“ಅವನು ಬಂದು ಕ್ಷಮೆ ಕೇಳ್ಲಿ.”

“ಯಾವುದಕ್ಕೆ? ಕಡಲೆ ಆರಿದ್ದು ನಿಜ ತಾನೇ? ನಾನೇ ತಿಂದಿದ್ದೀನಲ್ಲ.”

ಮೊದಲ ದನಿ ಕಲಿಯಬೇಕು, ಕಲಿಯಲು ಕೇಳಬೇಕು, ಕೇಳಲು ಊರಲ್ಲಿ ಇರುವುದು ಒಂದೇ ಗಂಟಲು. ಬಾಸ್ತ್ಯಾಂವ್ ಊಟಕ್ಕೆ ಮುಂಚೆ ಸ್ನಾನ ಮಾಡುವಾಗ ಹಬ್ಬದ ವಾರದಲ್ಲಿ ಲದೀನನ್ನೇ ಹಾಡುವುದು ಎರಡು ಮನೆಯಾಚೆಗೂ ಕೇಳುತ್ತಿತ್ತು. ಈ ವರ್ಷವೂ ಕೇಳುತ್ತಿತ್ತು, ಇನಾಸ ಕಿಟಕಿ ಮುಚ್ಚಿಕೊಳ್ಳುತ್ತಿದ್ದ ಅಷ್ಟೆ. ಫೋನನ್ನು ಅಂಗಿಯ ಜೇಬಿಗೆ ಹಾಕಿಕೊಂಡು, ಹಿತ್ತಲ ಬೇಲಿ ದಾಟಿ, ಬಾಸ್ತ್ಯಾಂವನ ಬಚ್ಚಲ ಗೋಡೆಯ ಹಿಂದೆ ಬಿಂಬಲಿ ಮರದ ಬುಡದಲ್ಲಿ ನಿಂತ. ಕಾಲಡಿ ಬಚ್ಚಲ ನೀರು. ಹುಡುಗರಾಗಿದ್ದಾಗ ಇದೇ ಮರದ ಹುಳಿ ಕಾಯಿ ಕದ್ದು, ಉಪ್ಪು ಹಚ್ಚಿ ತಿಂದು, ಹಲ್ಲು ಜುಮ್ಮೆಂದು ಇಬ್ಬರೂ ಹಾಡಲಾಗದೆ ಪಾದ್ರಿಯ ಕೈಲಿ ಏಟು ತಿಂದದ್ದಿತ್ತು. ಏಟು ಕೂಡ ಮೊದಲು ಬಾಸ್ತ್ಯಾಂವನಿಗೆ, ಆಮೇಲೆ ತನಗೆ. ಒಳಗೆ ತಂಬಿಗೆಯ ಸದ್ದಾಯಿತು, ನೀರು ಸುರಿಯಿತು, ಆಮೇಲೆ ಆ ದನಿ ಎದ್ದಿತು. ಒಂದು ವರ್ಷದಲ್ಲಿ ಅದಕ್ಕೆ ಏನೂ ಆಗಿರಲಿಲ್ಲ. ಇನಾಸ ಫೋನನ್ನು ಗವಾಕ್ಷಿಯ ಕಡೆ ಎತ್ತಿ ಹಿಡಿದು, ಜೋಮು ಹಿಡಿದ ತೋಳನ್ನು ಇನ್ನೊಂದು ಕೈಯಿಂದ ಆತುಕೊಂಡು, ಅಪ್ಪಟ ಕಳ್ಳನಂತೆ ನಿಂತಿದ್ದಾಗ ಹಿಂದಿನಿಂದ ಮಾತು ಬಂತು.

“ಇನಾಸ್ ಭಾವ, ನಮ್ಮ ಬಚ್ಚಲ ಹಿಂದೆ ಏನು ಮಾಡ್ತಿದ್ದೀರಿ?”

ಬಾಸ್ತ್ಯಾಂವನ ಹೆಂಡತಿ ಕ್ಲೊತಿಲ್ದ. ಕೈಯಲ್ಲಿ ಒಗೆದ ಬಟ್ಟೆಯ ಬುಟ್ಟಿ.

“ಕೋಳಿ,” ಎಂದ ಇನಾಸ. “ಕೋಳಿ ತಪ್ಪಿಸ್ಕೊಂಡು ಬಂತು.”

“ನೀವು ಕೋಳಿ ಯಾವಾಗ ಸಾಕಿದ್ರಿ?”

“ನಿನ್ನೆ.”

“ಫೋನ್ ಎತ್ತಿ ಹಿಡ್ಕೊಂಡು ಹುಡುಕ್ತೀರಾ? ಕೋಳಿ ಹತ್ರಾನೂ ಫೋನ್ ಇದ್ಯಾ?”

ಒಳಗೆ ಹಾಡು ನಿಂತಿತ್ತು. ಇನಾಸನ ಕಿವಿ ಕೆಂಪಾಗಿ ಸುಡತೊಡಗಿತು. ಕ್ಲೊತಿಲ್ದ ಬುಟ್ಟಿ ಕೆಳಗಿಟ್ಟು ಒಂದು ಹಿಡಿ ಬಿಂಬಲಿ ಕಿತ್ತು, “ಎಸ್ಪೆರಾಂಸ್‌ಗೆ ಕೊಡಿ, ಬಂಗಡೆ ಸಾರಿಗೆ ಹಾಕ್ಲಿ,” ಎಂದು ಅವನ ಜೇಬಿಗೆ ತುರುಕಿದಳು. ಕದಿಯಲು ಬಂದವನಿಗೆ ಬೈದಿದ್ದರೆ ಚೆನ್ನಾಗಿತ್ತು. ಬೇಲಿ ದಾಟುವಾಗ ಚಡ್ಡಿ ಮುಳ್ಳಿಗೆ ಸಿಕ್ಕಿ ಹರಿದ ಸದ್ದು ಅವಳಿಗೆ ಕೇಳಿತೋ ಏನೋ ಎಂದು ಮನೆ ಮುಟ್ಟುವವರೆಗೂ ಅದೇ ಚಿಂತೆಯಾಯಿತು.

ಮತ್ತೆ ಕಪಾಟು, ಮತ್ತೆ ನುಸಿಗುಳಿಗೆ. ಫೋನಿನ ಹಾಡನ್ನು ಲ್ಯಾಪ್‌ಟಾಪಿಗೆ ಇಳಿಸಿ, ಪರದೆಯ ಮೇಲೆ ಹರಡಿ ನೋಡಿದ. ದನಿ ಇದ್ದ ಕಡೆ ಗೆರೆ ದಪ್ಪ, ನೀರು ಸುರಿದ ಕಡೆ ಪೊದೆ ಪೊದೆ. ಆದರೆ ಒಂದೊಂದು ಸಾಲು ಮುಗಿದ ಮೇಲೂ ಒಂದೊಂದು ತುಂಡು ಖಾಲಿ ಗೆರೆ ಇತ್ತು. ತಂಬಿಗೆ ತುಂಬಿಕೊಳ್ಳುತ್ತಿರಬೇಕು ಎಂದುಕೊಂಡು ಹೆಡ್‌ಫೋನು ಏರಿಸಿದ. ಬಾಸ್ತ್ಯಾಂವ್ ಕಿವಿಯೊಳಗೆ, ಬಲಗಡೆಗೆ, ಶಿಲುಬೆಯ ಮುಂದೆ ನಿಲ್ಲುತ್ತಿದ್ದಷ್ಟೇ ಹತ್ತಿರ ಹಾಡಿದ. ಸಾಲು ಮುಗಿಯಿತು. ನೀರಿಲ್ಲ, ತಂಬಿಗೆಯಿಲ್ಲ, ಉಸಿರೂ ಇಲ್ಲ. ಮೈಯೆಲ್ಲ ಸೋಪು ಹಚ್ಚಿಕೊಂಡ ಮನುಷ್ಯ ಬಚ್ಚಲಲ್ಲಿ ಸುಮ್ಮನೆ ನಿಂತಿದ್ದಾನೆ. ಯಾತಕ್ಕೆ ನಿಂತಿದ್ದಾನೆ ಎಂದು ಇನಾಸನ ತಲೆಗೆ ಹೊಳೆಯುವ ಮೊದಲೇ ಗಂಟಲಿಗೆ ಹೊಳೆದು, ಕಪಾಟಿನೊಳಗೆ ಅವನ ಬಾಯಿ ತೆರೆದುಕೊಂಡು ಆ ಖಾಲಿಗೆ ತನ್ನ ಸ್ವರವನ್ನು ಎಳೆಯತೊಡಗಿತ್ತು. ಎಳೆದ, ಎಳೆದ, ಎಲ್ಲಿ ನಿಲ್ಲಿಸುವುದು ಎಂದು ಮತ್ತೆ ದಿಗಿಲಾಗುವ ಹೊತ್ತಿಗೆ ಕಿವಿಯಲ್ಲಿ ಬಾಸ್ತ್ಯಾಂವ್, ಬಚ್ಚಲಲ್ಲಿ ಒಬ್ಬನೇ, ಮರದ ಬುಡದಲ್ಲಿದ್ದವನ ಕಿವಿಗೆ ಬೀಳದಷ್ಟು ಮೆಲ್ಲಗೆ, ಯಾರಿಗೂ ಅಲ್ಲದ ಹಾಗೆ ಗೊಣಗಿದ: “ಮುಗಿಸೋ ಇನಾಸ್, ಕಡಲೆ ಆರ್ತಾ ಇದೆ.” ಇನಾಸ ಮುಗಿಸಿದ. ಕಿವಿಯಲ್ಲಿ ಮುಂದಿನ ಸಾಲು ಎದ್ದಿತು.

ಅವನು ಗುಂಡಿ ಒತ್ತಿ ನಿಲ್ಲಿಸಿ, ಎಸ್ಪೆರಾಂಸಳ ಫ್ರಾಕಿಗೆ ಮುಖ ಒರಗಿಸಿ ಕೂತ. ಆಮೇಲೆ ಇನ್ನೊಂದು ಸಾಲು ಕೇಳಿದ, ಇನ್ನೂ ಒಂದು. ಪ್ರತಿ ಸಾಲಿಗೂ ಅದೇ ಖಾಲಿ ಜಾಗ, ಅದೇ ಗೊಣಗು, ಆಮೇಲೆ ಮುಂದಿನ ಸಾಲು. ಇದನ್ನು ಮೊದಲ ಸಲ ಕೇಳಿದ್ದು ಕಳೆದ ವರ್ಷ ಎಂದು ಯಾರು ಹೇಳಿದರು? ಮೀಸೆ ಮೂಡಿದಾಗಿನಿಂದ, ಪಿಟೀಲಿನ ಸದ್ದಿನ ಅಡಿಯಲ್ಲಿ, ಮೇಣದ ಹೊಗೆಯೊಳಗೆ, ಬಲಗಿವಿಯ ಹತ್ತಿರ ಈ ಮಾತು ಬರುತ್ತಲೇ ಇತ್ತು. ಇಬ್ಬರಿಗೂ ಅರ್ಥ ತಿಳಿಯದ ಲ್ಯಾಟಿನಿನ ಜೊತೆಗೆ ಇದೂ ಸೇರಿಹೋಗಿ ಅವನು ಇದನ್ನು ಮಾತು ಎಂದೇ ಕೇಳಿಸಿಕೊಂಡಿರಲಿಲ್ಲ, ಕೇಳಿ ಉಸಿರು ನಿಲ್ಲಿಸುತ್ತಿದ್ದ ಅಷ್ಟೆ. ಕಳೆದ ವರ್ಷ ಹೊಸದಾಗಿ ಆದದ್ದು ತಂತಿ ಕಡಿದದ್ದೊಂದೇ. ತಂತಿಯ ಮೇಲಿನ ಸಿಟ್ಟನ್ನು ಒಂದು ವರ್ಷ ಹೊತ್ತು ತಿರುಗಿದೆನಲ್ಲ ಎಂದು ಇನಾಸನಿಗೆ ನಾಚಿಕೆಯಾಯಿತು, ನಗುವೂ ಬಂತು, ನಕ್ಕರೆ ನುಸಿಗುಳಿಗೆಯ ಘಾಟು ಎದೆಗೆ ಹೋಗಿ ಕೆಮ್ಮಿದ. ದನಿಯಲ್ಲದ ಸದ್ದಿಗೆಲ್ಲ ಗುರುತು ಹಾಕಿ ಕತ್ತರಿಸಿಬಿಡಿ, ಬಹಳ ಸುಲಭ ಎಂದು ಹೇಳಿದ್ದ ಟೋಪಿ ಹುಡುಗ. ಇನಾಸ ಆ ಗೊಣಗಿಗೆ ಗುರುತು ಹಾಕಿದ, ಪರದೆಯ ಮೇಲೆ ಅದು ಬೆರಳಗಲ ನೀಲಿಯಾಯಿತು. ಅಳಿಸುವ ಗುಂಡಿಯ ಮೇಲಿದ್ದ ಬೆರಳನ್ನು ತೆಗೆದು ಲ್ಯಾಪ್‌ಟಾಪು ಮುಚ್ಚಿದ. ಬಾಗಿಲು ಗುದ್ದಿದ.

“ಏನು, ಮುಗೀತಾ ಹಾಡು?” ಎಂದಳು ಎಸ್ಪೆರಾಂಸ್.

“ಚಡ್ಡಿ ಹರಿದಿದೆ. ಬೇರೆ ಕೊಡು. ಹೊರಗೆ ಹೋಗ್ಬೇಕು.”

ಅವಳು ಇಸ್ತ್ರಿ ಮಾಡಿದ ಪ್ಯಾಂಟನ್ನೇ ತಂದುಕೊಟ್ಟಳು. ಈ ಸಲ ಬೇಲಿ ದಾಟದೆ ರಸ್ತೆಯಿಂದಲೇ ಹೋದ. ಬೇಕರಿಯ ತಿರುವಿನಲ್ಲಿ ಪೋರರು ‘ಕಡ್‌ಲೇ’ ಎಂದಾಗ ತಿರುಗಿ, “ಭಾನುವಾರ ಬನ್ರೋ, ಕೊಡ್ತೀನಿ,” ಎಂದದ್ದಕ್ಕೆ ಅವರಿಗೆ ಏನು ಮಾಡಬೇಕೆಂದು ತಿಳಿಯದೆ ಚೆಂಡು ಚರಂಡಿಗೆ ಹೋಯಿತು. ಬಾಸ್ತ್ಯಾಂವ್ ಮನೆ ಮುಂದಿನ ಕಲ್ಲುಜಗಲಿಯ ಮೇಲೆ ಒದ್ದೆ ತಲೆಯಲ್ಲಿ ಕೂತು ಬಂಗಡೆಯ ಮುಳ್ಳನ್ನು ಹಲ್ಲಿನಿಂದ ಕಿತ್ತುಕೊಳ್ಳುತ್ತಿದ್ದ. ಇನಾಸ ಮೆಟ್ಟಿಲ ಕೆಳಗೆ ನಿಂತ. ಮೊದಲು ಮಾತಾಡಿ ಅವನಿಗೆ ಅಭ್ಯಾಸವಿರಲಿಲ್ಲ. ಬಾಸ್ತ್ಯಾಂವ್ ತಲೆಯೆತ್ತದೆ ಕೇಳಿದ.

“ಕೋಳಿ ಸಿಕ್ತೇನೋ?”

“ಸಿಕ್ತು.”

“ಎಲ್ಲಿತ್ತು?”

“ನಿನ್ನ ಬಚ್ಚಲಲ್ಲಿ.”

ಬಾಸ್ತ್ಯಾಂವ್ ಮುಳ್ಳನ್ನು ಅಂಗಳಕ್ಕೆ ಎಸೆದು, ಕೈಯನ್ನು ಲುಂಗಿಗೆ ಒರೆಸಿ, ಜಗಲಿಯ ಮೇಲೆ ಒಂದಿಷ್ಟು ಬಲಕ್ಕೆ ಸರಿದು ಕೂತ. ಅವನ ಕಿವಿಯೂ ಕೆಂಪಾಗಿತ್ತು. ಇನಾಸ ಮೆಟ್ಟಿಲು ಹತ್ತಿ ಪಕ್ಕದಲ್ಲಿ ಕೂತ. ಕೆರೆಯ ಕಡೆಯಿಂದ ಹಸಿ ಸುಣ್ಣದ ವಾಸನೆ ಬರುತ್ತಿತ್ತು. ಶಿಲುಬೆಗೆ ಆಗಲೇ ಬಳಿದಿದ್ದರು.

“ಭಾನುವಾರ ಬಾ,” ಎಂದ ಇನಾಸ.

“ನಿನ್ನ ಮಶೀನು?”

“ಅದಕ್ಕೆ ಮೊದಲಿಂದು ಬರಲ್ಲ.”

ಬಾಸ್ತ್ಯಾಂವ್ ಲುಂಗಿಯ ತುದಿಯಿಂದ ಒದ್ದೆ ತಲೆ ಒರೆಸಿಕೊಂಡ. “ಕಡಲೆ ಬಿಸಿ ಇರುತ್ತಾ?”

“ಇರೋದಿಲ್ಲ,” ಎಂದ ಇನಾಸ.